ನೇರ ನೋಟದ ಹಿಂದೆ ಕತ್ತರಿ ಯಾರ ಕೈಯಲ್ಲಿದೆ?

2025ರ ಜುಲೈನಲ್ಲಿ ಅಮೆರಿಕದ ಪ್ಯಾರಮೌಂಟ್ ಕಂಪನಿ, ಡೊನಾಲ್ಡ್ ಟ್ರಂಪ್ ಹೂಡಿದ್ದ ದಾವೆಯೊಂದನ್ನು 1.6 ಕೋಟಿ ಡಾಲರ್ ತೆತ್ತು ರಾಜಿ ಮಾಡಿಕೊಂಡಿತು. ತಕರಾರು ಇದ್ದದ್ದು ಅದರ ಒಡೆತನದ ಸಿಬಿಎಸ್ ವಾಹಿನಿ ಕಮಲಾ ಹ್ಯಾರಿಸ್ ಅವರೊಂದಿಗೆ ನಡೆಸಿದ ಸಂದರ್ಶನದ ಸಂಕಲನದ ಬಗ್ಗೆ. ಒಂದೇ ಪ್ರಶ್ನೆಗೆ ಅವರು ಕೊಟ್ಟ ಉತ್ತರದ ಒಂದು ತುಂಡು ಒಂದು ಕಾರ್ಯಕ್ರಮದಲ್ಲಿ, ಇನ್ನೊಂದು ತುಂಡು ಮತ್ತೊಂದು ಕಾರ್ಯಕ್ರಮದಲ್ಲಿ ಪ್ರಸಾರವಾಗಿತ್ತು. ಅದೇ ವರ್ಷದ ನವೆಂಬರ್‌ನಲ್ಲಿ ಬಿಬಿಸಿಯ ಮಹಾನಿರ್ದೇಶಕ ಟಿಮ್ ಡೇವಿ ಮತ್ತು ಸುದ್ದಿ ವಿಭಾಗದ ಮುಖ್ಯಸ್ಥೆ ಡೆಬೊರಾ ಟರ್ನೆಸ್ ರಾಜೀನಾಮೆ ಕೊಟ್ಟರು. ಅಲ್ಲಿ ಎಡವಟ್ಟಾಗಿದ್ದು ಸಂದರ್ಶನದಲ್ಲಲ್ಲ, 2021ರ ಜನವರಿ 6ರ ಟ್ರಂಪ್ ಭಾಷಣದಲ್ಲಿ. ಐವತ್ತು ನಿಮಿಷಕ್ಕೂ ಹೆಚ್ಚಿನ ಅಂತರದಲ್ಲಿ ಆಡಿದ ಎರಡು ಮಾತುಗಳನ್ನು ಬೆಸೆದು, ಒಂದೇ ಉಸಿರಿನಲ್ಲಿ ಹೇಳಿದಂತೆ ತೋರಿಸಲಾಗಿತ್ತು.

ಇದೇ ಹೊತ್ತಿನಲ್ಲಿ ಸ್ಟ್ರೀಮಿಂಗ್ ವೇದಿಕೆಗಳಲ್ಲಿ ಇನ್ನೊಂದು ಬಗೆಯ ಸಂದರ್ಶನ ಹುಲುಸಾಗಿ ಬೆಳೆದಿದೆ. ಹೆಸರುವಾಸಿಯಾದ ಒಬ್ಬರು ಹದವಾದ ಬೆಳಕಿನಲ್ಲಿ ಕೂತು, ನಮ್ಮ ಕಣ್ಣಲ್ಲಿ ಕಣ್ಣಿಟ್ಟು, ತಮ್ಮ ಕಥೆಯನ್ನು ತಾವೇ ಹೇಳುತ್ತಾರೆ. ಗಂಟಲು ಕಟ್ಟುತ್ತದೆ, ಮಾತು ತಡವರಿಸುತ್ತದೆ, ನಮಗೂ ಮನಸ್ಸು ಕರಗುತ್ತದೆ. ಅಲ್ಲಿ ಸಂಕಲನದ ಬಗ್ಗೆ ಯಾರೂ ಕೋರ್ಟಿಗೆ ಹೋಗುವುದಿಲ್ಲ. ಹೋಗಬೇಕಾದವರು ನಿರ್ಮಾಪಕರ ಪಟ್ಟಿಯಲ್ಲೇ ಇರುತ್ತಾರೆ.

ದಾವೆಗೆ ಗುರಿಯಾದ ಸಂಕಲನ ಒಂದು ಕಡೆ, ಯಾರೂ ಪ್ರಶ್ನಿಸದ ಸಂಕಲನ ಇನ್ನೊಂದು ಕಡೆ. ಎರಡರಲ್ಲೂ ಕೇಳಬೇಕಾದ ಪ್ರಶ್ನೆ ಒಂದೇ: ಮುಖ ಯಾರದೇ ಇರಲಿ, ಕತ್ತರಿ ಯಾರ ಕೈಯಲ್ಲಿದೆ? ಇದನ್ನು ಬಿಡಿಸಿ ನೋಡಲು ಎರಲ್ ಮಾರಿಸ್ ಅವರ ಕೆಲಸಕ್ಕಿಂತ ಒಳ್ಳೆಯ ದಾರಿ ಇಲ್ಲ. 1948ರಲ್ಲಿ ಹುಟ್ಟಿದ, ಒಂದು ಕಾಲಕ್ಕೆ ಖಾಸಗಿ ಪತ್ತೇದಾರನಾಗಿಯೂ ದುಡಿದ ಈ ಅಮೆರಿಕನ್ ನಿರ್ದೇಶಕ, ಅಧಿಕಾರಸ್ಥರನ್ನು ಕ್ಯಾಮೆರಾದೊಳಕ್ಕೆ ನೇರವಾಗಿ ನೋಡುವಂತೆ ಮಾಡಿದ್ದರಿಂದಲೇ ಹೆಸರು ಮಾಡಿದವರು. ಇಂದಿನ ತಾರಾ ಸಾಕ್ಷ್ಯಚಿತ್ರಗಳ ದೃಶ್ಯಭಾಷೆಯಲ್ಲಿ ಅರ್ಧದಷ್ಟು ಅವರಿಂದ ಬಂದದ್ದು. ಅವರ ಕೆಲಸದ ಉಳಿದರ್ಧ ಮಾತ್ರ ಬಂದಿಲ್ಲ.

ನೋಟ ಹುಟ್ಟುವ ಯಂತ್ರ

ಸಾಮಾನ್ಯ ಸಂದರ್ಶನದಲ್ಲಿ ಪ್ರಶ್ನೆ ಕೇಳುವವರು ಕ್ಯಾಮೆರಾದ ಪಕ್ಕದಲ್ಲಿ ಕೂರುತ್ತಾರೆ. ಉತ್ತರ ಕೊಡುವವರು ಅವರನ್ನು ನೋಡುತ್ತಾರೆ, ಲೆನ್ಸನ್ನಲ್ಲ. ಎರಡು ಮೀಟರ್ ದೂರದಲ್ಲಿ, ಲೆನ್ಸಿನಿಂದ 30 ಸೆಂಟಿಮೀಟರ್ ಪಕ್ಕಕ್ಕೆ ಕೂತವರನ್ನು ನೋಡಿದರೆ ಕಣ್ಣು ಸುಮಾರು ಎಂಟೂವರೆ ಡಿಗ್ರಿ ವಾಲುತ್ತದೆ. ಪರದೆಯ ಮೇಲೆ ಅದು ಬೇರೆ ಯಾರೊಂದಿಗೋ ಆಡುತ್ತಿರುವ ಮಾತಿನಂತೆ ಕಾಣುತ್ತದೆ; ನೋಡುಗರು ಅದನ್ನು ಪಕ್ಕದಲ್ಲಿ ನಿಂತು ಕೇಳಿಸಿಕೊಂಡ ಹಾಗೆ. ಲೆನ್ಸನ್ನೇ ನೋಡಿ ಎಂದರೆ ಹೆಚ್ಚಿನವರು ಪಾಠ ಒಪ್ಪಿಸುವವರಂತಾಗುತ್ತಾರೆ. ಗಾಜಿನ ಗುಂಡೊಂದಕ್ಕೆ ಮನಸ್ಸು ಬಿಚ್ಚಿ ಮಾತಾಡುವುದು ಸುಲಭವಲ್ಲ.

ಮಾರಿಸ್ ಇದಕ್ಕೆ ಟೆಲಿಪ್ರಾಂಪ್ಟರ್ ಬಳಸಿದರು. ಪ್ರಾಂಪ್ಟರ್ ಅಂದರೆ ಲೆನ್ಸಿನ ಮುಂದೆ 45 ಡಿಗ್ರಿಗೆ ವಾಲಿಸಿದ ಅರೆಗನ್ನಡಿ, ಅದರ ಕೆಳಗೆ ಮಲಗಿಸಿದ ಒಂದು ಮಾನಿಟರ್. ವಾರ್ತೆ ಓದುವವರಿಗೆ ಗಾಜಿನ ಮೇಲೆ ಅಕ್ಷರ ಕಾಣುತ್ತದೆ, ಗಾಜಿನ ಹಿಂದಿರುವ ಕ್ಯಾಮೆರಾಕ್ಕೆ ಆ ಅಕ್ಷರ ಕಾಣುವುದಿಲ್ಲ. ಅಕ್ಷರದ ಜಾಗದಲ್ಲಿ ಮಾರಿಸ್ ತಮ್ಮ ಮುಖ ಇಟ್ಟರು. ಇದಕ್ಕೆ ಎರಡು ಕ್ಯಾಮೆರಾ, ಎರಡು ಪ್ರಾಂಪ್ಟರ್ ಬೇಕು. ನಿರ್ದೇಶಕರು ಬೇರೆ ಕಡೆ ತಮ್ಮದೇ ಕ್ಯಾಮೆರಾದ ಮುಂದೆ ಕೂರುತ್ತಾರೆ. ಅವರ ಚಿತ್ರ ಅತಿಥಿಯ ಪ್ರಾಂಪ್ಟರಿಗೆ, ಅತಿಥಿಯ ಚಿತ್ರ ಅವರ ಪ್ರಾಂಪ್ಟರಿಗೆ ಹೋಗುತ್ತದೆ. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಾರೆ, ಹಾಗೆ ನೋಡುವಾಗಲೇ ಲೆನ್ಸನ್ನೂ ನೋಡಿರುತ್ತಾರೆ. ಈ ಜೋಡಣೆಗೆ ಇಂಟರೊಟ್ರಾನ್ ಎಂದು ಹೆಸರಿಟ್ಟದ್ದು ಅವರ ಹೆಂಡತಿ ಜೂಲಿಯಾ ಶೀಹನ್.

ಓದಿದರೆ ಸರಳ, ಜೋಡಿಸಲು ಕೂತಾಗ ಒಂದೊಂದೇ ಕಾಟ ಶುರುವಾಗುತ್ತದೆ. ಕನ್ನಡಿಯಲ್ಲಿ ಚಿತ್ರ ಎಡಬಲ ಅದಲುಬದಲಾಗುವುದರಿಂದ ಮಾನಿಟರಿನಲ್ಲೇ ಅದನ್ನು ತಿರುಗಿಸಬೇಕು. ಈ ಸೌಲಭ್ಯ ಎಲ್ಲ ಮಾನಿಟರುಗಳಲ್ಲೂ ಇರುವುದಿಲ್ಲ. ಗಾಜು ಕಿಟಕಿಯ ಗಾಜಾದರೆ ಮುಂದಿನ ಮೈ, ಹಿಂದಿನ ಮೈ ಎರಡರಿಂದಲೂ ಪ್ರತಿಬಿಂಬ ಬಂದು ಮುಖ ಜೋಡಿಯಾಗಿ ಕಾಣುತ್ತದೆ. ಅದಕ್ಕೆ ಲೇಪನವಿರುವ ಗಾಜೇ ಆಗಬೇಕು. ನೂರರಲ್ಲಿ 70 ಪಾಲು ಬೆಳಕು ದಾಟಿಸಿ 30 ಪಾಲು ಪ್ರತಿಫಲಿಸುವ ಗಾಜಿನಲ್ಲಿ ಕ್ಯಾಮೆರಾ ಅರ್ಧ ಸ್ಟಾಪ್ (ಒಂದು ಸ್ಟಾಪ್ ಅಂದರೆ ಬೆಳಕು ಅರ್ಧಕ್ಕಿಳಿಯುವುದು) ಬೆಳಕು ಕಳೆದುಕೊಳ್ಳುತ್ತದೆ, ಅರ್ಧಕ್ಕರ್ಧ ಗಾಜಿನಲ್ಲಿ ಒಂದು ಪೂರ್ತಿ ಸ್ಟಾಪ್. ಇತ್ತ ಅತಿಥಿಗೆ ಕಾಣುವುದು ಮಾನಿಟರಿನ ಹೊಳಪಿನಲ್ಲಿ ಆ 30 ಪಾಲು ಮಾತ್ರ. ಪರದೆಯ ಹೊಳಪಿನ ಅಳತೆ ನಿಟ್ಸ್; 300 ನಿಟ್ಸ್‌ನ ಮಾಮೂಲಿ ಪರದೆ ಗಾಜಿನ ಮೇಲೆ 90ಕ್ಕೆ ಇಳಿಯುತ್ತದೆ. ದೀಪಗಳು ಉರಿಯುವ ಸೆಟ್ಟಿನಲ್ಲಿ ಅಷ್ಟು ಮಂಕಾದ ಮುಖದೊಂದಿಗೆ ಯಾರೂ ಮನಸಾರೆ ಮಾತಾಡಲಾರರು, ಆದ್ದರಿಂದ ಸಾವಿರ ನಿಟ್ಸ್‌ನ ಪರದೆ ಹುಡುಕಬೇಕಾಗುತ್ತದೆ. ಗಾಜು ಮತ್ತು ಲೆನ್ಸಿನ ನಡುವಿನ ಕಪ್ಪು ಬಟ್ಟೆಯಲ್ಲಿ ಬೆರಳಗಲ ಸಂದಿ ಉಳಿದರೂ ಹಿಂದಿನ ಬೆಳಕು ಗಾಜಿನ ಮೇಲೆ ಬಿದ್ದು ಚಿತ್ರಕ್ಕೆ ಹಾಲು ಹೊಯ್ದಂತಾಗುತ್ತದೆ.

ಎಲ್ಲಕ್ಕಿಂತ ಸೂಕ್ಷ್ಮವಾದದ್ದು ಕಣ್ಣಿನ ರೇಖೆ. ಗಾಜಿನ ಮೇಲೆ ಕಾಣುವ ನಿರ್ದೇಶಕರ ಎರಡು ಕಣ್ಣುಗಳ ನಡುಬಿಂದು ಲೆನ್ಸಿನ ನಟ್ಟನಡುವೆ ಕೂರಬೇಕು. ಎರಡು ಮೀಟರ್ ದೂರದಲ್ಲಿ 10 ಸೆಂಟಿಮೀಟರ್ ಪಕ್ಕಕ್ಕೆ ಜರುಗಿದರೆ ಮೂರು ಡಿಗ್ರಿ ತಪ್ಪುತ್ತದೆ. ನೋಟ ಸ್ವಲ್ಪ ಕೆಳಕ್ಕೆ ಇಳಿದರೆ ನಮಗೆ ಅಷ್ಟಾಗಿ ಗೊತ್ತಾಗುವುದಿಲ್ಲ. ಪಕ್ಕಕ್ಕೆ ಸರಿದರೆ ಥಟ್ಟನೆ ಗೊತ್ತಾಗುತ್ತದೆ. ಹಾಗಾಗಿ ನಿರ್ದೇಶಕರೂ ಅಲುಗಾಡುವ ಹಾಗಿಲ್ಲ. ಕುತೂಹಲದಿಂದ ಮುಂದೆ ಬಾಗಿದರೆ ಗಾಜಿನ ಮೇಲೆ ಅವರ ಕಣ್ಣು ಜಾಗ ಬಿಟ್ಟು ಜರುಗುತ್ತದೆ, ಅತಿಥಿಯ ನೋಟವೂ ಅದರ ಬೆನ್ನು ಹತ್ತುತ್ತದೆ. ಟಿಪ್ಪಣಿ ನೋಡಲು ತಲೆ ತಗ್ಗಿಸಿದರೆ ಅತಿಥಿಗೆ ಕಾಣುವುದು ನೆತ್ತಿ. ಇಬ್ಬರನ್ನೂ ಕುರ್ಚಿಗೆ ಕಟ್ಟಿಹಾಕುವ ಯಂತ್ರ ಇದು.

ತಡವೂ ಕೆಡಿಸುತ್ತದೆ. ಇಬ್ಬರ ಮಾತುಕತೆಯಲ್ಲಿ ಒಬ್ಬರು ಮುಗಿಸಿ ಇನ್ನೊಬ್ಬರು ಶುರುಮಾಡುವ ನಡುವಿನ ಬಿಡುವು ಸರಾಸರಿ ಸೆಕೆಂಡಿನ ಐದನೇ ಒಂದು ಭಾಗ. ಕ್ಯಾಮೆರಾದಿಂದ ಮಾನಿಟರಿಗೆ ನೇರ ಕೇಬಲ್ ಎಳೆದರೆ ಒಂದೆರಡು ಫ್ರೇಮ್ ತಡವಾಗುತ್ತದೆ, ಸೆಕೆಂಡಿಗೆ 25 ಫ್ರೇಮಿನ ಲೆಕ್ಕದಲ್ಲಿ 40ರಿಂದ 80 ಮಿಲಿಸೆಕೆಂಡ್. ಅದು ನಡೆಯುತ್ತದೆ. ಕೇಬಲ್ ಬೇಡವೆಂದು ವಿಡಿಯೊ ಕರೆಯ ಸಾಫ್ಟ್‌ವೇರ್ ನಂಬಿದರೆ ತಡವೇ ಆ ಬಿಡುವನ್ನು ಮೀರುತ್ತದೆ. ಇಬ್ಬರೂ ಒಬ್ಬರ ಮಾತಿನ ಮೇಲೊಬ್ಬರು ಬೀಳುತ್ತಾರೆ, ಆಮೇಲೆ ಇಬ್ಬರೂ ಸುಮ್ಮನಾಗುತ್ತಾರೆ. ಕನ್ನಡಕ ಹಾಕಿದವರ ಗಾಜಿನಲ್ಲಿ ಮಾನಿಟರಿನ ಚೌಕ ಮೂಡುತ್ತದೆ, ಆಗ ಕನ್ನಡಕದ ಕಡ್ಡಿಯನ್ನು ಕಿವಿಯ ಮೇಲೆ ಕೂದಲೆಳೆಯಷ್ಟು ಎತ್ತಿ ಗಾಜನ್ನು ನೆಲದ ಕಡೆ ವಾಲಿಸುವುದೇ ಉಪಾಯ. ನಿರ್ದೇಶಕರ ದನಿ ಸ್ಪೀಕರಿನಿಂದ ಬರುವುದರಿಂದ ಅತಿಥಿಯ ಕಾಲರ್ ಮೈಕಿಗೂ ಅದು ಸೋರುತ್ತದೆ. ಇಬ್ಬರೂ ಒಟ್ಟಿಗೆ ಮಾತಾಡಿದ ಕಡೆ ಆಮೇಲೆ ಬೇರ್ಪಡಿಸಲು ಆಗುವುದಿಲ್ಲ, ಆದ್ದರಿಂದ ಸ್ಪೀಕರ್ ಚಿಕ್ಕದಿರಬೇಕು, ಕೇಳಿದ್ದು ಮುಗಿದ ಮೇಲೆ ಬಾಯಿ ಮುಚ್ಚಿರಬೇಕು. ಎರಡನೆಯದು ಹೆಚ್ಚು ಕಷ್ಟ.

ಈಗ ಇದೆಲ್ಲ ಕೈಗೆಟಕುವ ಸಾಮಾನು. ಅಷ್ಟೂ ಬೇಡವೆನ್ನುವವರಿಗೆ ಎನ್‌ವಿಡಿಯಾ 2023ರ ಜನವರಿಯಲ್ಲೇ ಕಣ್ಣುಗುಡ್ಡೆಯನ್ನು ಕ್ಯಾಮೆರಾದ ಕಡೆ ತಿರುಗಿಸಿ ತೋರಿಸುವ ಸಾಫ್ಟ್‌ವೇರ್ ಬಿಟ್ಟಿದೆ. ನೇರ ನೋಟ ಅಪರೂಪವಾಗಿದ್ದ ಕಾಲ ಮುಗಿದಿದೆ.

ಮುಖ ಹೇಳದ್ದು

ಮಾರಿಸ್ 2003ರಲ್ಲಿ ‘ದಿ ಫಾಗ್ ಆಫ್ ವಾರ್’ ಮಾಡಿದಾಗ ಅವರ ಎದುರು ಕೂತಿದ್ದವರು ಕೆನಡಿ ಮತ್ತು ಜಾನ್ಸನ್ ಕಾಲದ ರಕ್ಷಣಾ ಕಾರ್ಯದರ್ಶಿ ರಾಬರ್ಟ್ ಮ್ಯಾಕ್‌ನಮಾರ. ಸಂದರ್ಶನ ಕೊಟ್ಟಾಗ ಅವರಿಗೆ 85ರ ಪ್ರಾಯ. ಚಿತ್ರದ ಆರಂಭದಲ್ಲೇ ಒಂದು ಸಣ್ಣ ತುಣುಕಿದೆ, ಸಂಕಲನದ ವಿದ್ಯಾರ್ಥಿಗಳು ಹತ್ತು ಸಲ ನೋಡಬೇಕಾದದ್ದು. ಮ್ಯಾಕ್‌ನಮಾರ ಮೊದಲು ನಿರ್ದೇಶಕರ ದನಿಯ ಮಟ್ಟ ಪರೀಕ್ಷಿಸುತ್ತಾರೆ. ಆಮೇಲೆ, ಹಿಂದೆ ಅರ್ಧಕ್ಕೆ ನಿಂತ ವಾಕ್ಯವನ್ನು ಮತ್ತೆ ಮೊದಲಿಂದ ಹೇಳುವ ಅಗತ್ಯವಿಲ್ಲ, ಅದು ಎಲ್ಲಿ ತುಂಡಾಯಿತೆಂದು ನನಗೆ ನೆನಪಿದೆ, ನೀವು ಹೇಗಾದರೂ ಜೋಡಿಸಿಕೊಳ್ಳಿ ಎನ್ನುತ್ತಾರೆ. ಕ್ಯಾಮೆರಾದ ಮುಂದೆ ಕೂತವರು ಆಗಲೇ ಸಂಕಲನದ ಕೋಣೆಯಲ್ಲೂ ಕೂತುಬಿಟ್ಟಿದ್ದಾರೆ! ಬೇರೆ ಯಾರಾದರೂ ಆಗಿದ್ದರೆ ಕತ್ತರಿಸಿ ಬಿಸಾಡುತ್ತಿದ್ದ ತುಣುಕು ಅದು. ಮಾರಿಸ್ ಅದನ್ನು ಬಾಗಿಲಿನಲ್ಲೇ ಇಟ್ಟರು. ಇದೇ ಚಿತ್ರದಲ್ಲಿ ಮ್ಯಾಕ್‌ನಮಾರ ತಮ್ಮ ಹಳೆಯ ಪಾಠವೊಂದನ್ನು ಮುಚ್ಚುಮರೆಯಿಲ್ಲದೆ ಹೇಳುತ್ತಾರೆ: ಕೇಳಿದ ಪ್ರಶ್ನೆಗೆ ಉತ್ತರ ಕೊಡಬೇಡಿ, ಕೇಳಿದ್ದರೆ ಚೆನ್ನಾಗಿತ್ತು ಅನ್ನಿಸಿದ ಪ್ರಶ್ನೆಗೆ ಕೊಡಿ.

ಅಂಥವರಿಂದ ಏನಾದರೂ ಹೊರಡಿಸಬೇಕಾದರೆ ಬೇಕಾದದ್ದು ನೋಟಕ್ಕಿಂತ ಹೆಚ್ಚಾಗಿ ಹೊತ್ತು. ಸಾರ್ವಜನಿಕ ಬದುಕಿನಲ್ಲಿ ಪಳಗಿದ ಯಾರಿಗೂ ಮೊದಲ ಕೆಲವು ಗಂಟೆಗಳಿಗೆ ಸಾಕಾಗುವಷ್ಟು ಸಿದ್ಧ ಮಾತು ಇದ್ದೇ ಇರುತ್ತದೆ. ಅದು ಬರಿದಾದ ಮೇಲೆ ಎರಡನೆಯ ಸಲ ಹೇಳಿದ್ದು ಮೊದಲ ಸಲದ್ದಕ್ಕೆ ತಾಳೆಯಾಗುವುದಿಲ್ಲ, ಇಸವಿ ಜಾರುತ್ತದೆ, ‘ನಾನು’ ಇದ್ದಲ್ಲಿ ‘ನಾವು’ ಬರುತ್ತದೆ. ಮ್ಯಾಕ್‌ನಮಾರ ಜತೆ ಮಾರಿಸ್ ಇಪ್ಪತ್ತು ಗಂಟೆಗೂ ಹೆಚ್ಚು ಚಿತ್ರೀಕರಿಸಿದರು. ಟೋಕಿಯೊ ಮೇಲಿನ 1945ರ ಬೆಂಕಿ ಬಾಂಬ್ ದಾಳಿಯ ಮಾತು ಬಂದಾಗ, ಯುದ್ಧ ಸೋತಿದ್ದರೆ ತಮ್ಮನ್ನು ಯುದ್ಧಾಪರಾಧಿಗಳೆಂದು ವಿಚಾರಣೆಗೆ ಗುರಿಪಡಿಸುತ್ತಿದ್ದರೆಂಬ ಜನರಲ್ ಲಮೇ ಅವರ ಮಾತನ್ನು ಮ್ಯಾಕ್‌ನಮಾರ ತಾವಾಗಿ ಎತ್ತಿ, ಅದು ನಿಜವೆನ್ನುತ್ತಾರೆ. ಇಪ್ಪತ್ತು ನಿಮಿಷದ ಟಿವಿ ಸಂದರ್ಶನದಲ್ಲಿ ಆ ದಾರಿಗೆ ಬರುವುದೇ ಇಲ್ಲ.

ಹೊತ್ತು ಕೂಡ ಮಂತ್ರದಂಡವಲ್ಲ. 2013ರಲ್ಲಿ ಇರಾಕ್ ಯುದ್ಧದ ರಕ್ಷಣಾ ಕಾರ್ಯದರ್ಶಿ ಡೊನಾಲ್ಡ್ ರಮ್ಸ್‌ಫೆಲ್ಡ್ ಬಗ್ಗೆ ಮಾಡಿದ ‘ದಿ ಅನ್‌ನೋನ್ ನೋನ್’ ಚಿತ್ರಕ್ಕಾಗಿ ಮಾರಿಸ್ 11 ದಿನ, 33 ಗಂಟೆ ಮಾತಾಡಿಸಿದರು. ಯಂತ್ರ ಅದೇ, ತಾಳ್ಮೆ ಅದೇ. ರಮ್ಸ್‌ಫೆಲ್ಡ್ ನಕ್ಕರು. ಕಣ್ಣಲ್ಲಿ ಕಣ್ಣಿಟ್ಟು ಗಂಟೆಗಟ್ಟಲೆ ನಕ್ಕರು. ಕೊನೆಯಲ್ಲಿ, ಯಾಕೆ ನನ್ನೊಂದಿಗೆ ಮಾತಾಡಲು ಒಪ್ಪಿದಿರಿ ಎಂದು ಮಾರಿಸ್ ಕೇಳಿದಾಗ, ತನಗೇ ಗೊತ್ತಿಲ್ಲವೆಂದು ಜಾರಿಕೊಂಡರು. ಚಿತ್ರ ಬಂದಾಗ ಹಲವು ವಿಮರ್ಶಕರು ಮೀನು ಗಾಳ ತಪ್ಪಿಸಿಕೊಂಡಿತೆಂದು ಬರೆದರು. ಅರ್ಧ ಮಾತ್ರ ನಿಜ. ನೋಟ ಸೋತ ಕಡೆ ಕಾಗದ ಗೆದ್ದಿದೆ: ಅಮೆರಿಕದ ಗ್ವಾಂಟಾನಮೋ ಸೆರೆಮನೆಯ ವಿಚಾರಣಾ ವಿಧಾನಗಳು ಇರಾಕಿಗೆ ಹರಡಲಿಲ್ಲವೆಂದು ರಮ್ಸ್‌ಫೆಲ್ಡ್ ವಾದಿಸುತ್ತಾರೆ. ಹರಡಿದವೆಂದು ಹೇಳುವ ಸರ್ಕಾರಿ ತನಿಖಾ ವರದಿಯ ಸಾಲುಗಳನ್ನು ಮಾರಿಸ್ ಗಟ್ಟಿಯಾಗಿ ಓದುತ್ತಾರೆ. ರಮ್ಸ್‌ಫೆಲ್ಡ್ ಅದು ಸರಿಯಾದ ಮಾತೆಂದು ಒಪ್ಪಿಕೊಂಡು, ಏನೂ ಆಗದವರಂತೆ ಕೂರುತ್ತಾರೆ. ಒಂದು ನಿಮಿಷದ ಅಂತರದಲ್ಲಿ ಎರಡು ತದ್ವಿರುದ್ಧ ಮಾತು, ಮುಖದಲ್ಲಿ ಒಂದು ಗೆರೆಯೂ ಬದಲಾಗಿಲ್ಲ.

ಇನ್ನೂ ಒಂದು ಸಂಗತಿಯನ್ನು ನೇರ ನೋಟದ ಭಕ್ತರು ಗಮನಿಸುವುದಿಲ್ಲ. ಮಾರಿಸ್ ಚಿತ್ರಗಳ ಎರಡು ಅತಿ ಮುಖ್ಯ ಗಳಿಗೆಗಳಲ್ಲಿ ಮಾತಾಡುವ ಮುಖವೇ ಇಲ್ಲ. 1988ರ ‘ದಿ ಥಿನ್ ಬ್ಲೂ ಲೈನ್’ ಚಿತ್ರ, ಡಲ್ಲಾಸ್‌ನ ಪೊಲೀಸ್ ಅಧಿಕಾರಿಯೊಬ್ಬರ ಕೊಲೆಗಾಗಿ ಸೆರೆಯಲ್ಲಿದ್ದ ರ್‍ಯಾಂಡಲ್ ಆಡಮ್ಸ್ ನಿರಪರಾಧಿಯೆಂದು ತೋರಿಸಿತು. ಮರುವರ್ಷ ಅವರ ಬಿಡುಗಡೆಯಾಯಿತು. ಅವರ ವಿರುದ್ಧ ಸಾಕ್ಷಿ ಹೇಳಿದ್ದವನು ಆಡಮ್ಸ್ ನಿರಪರಾಧಿಯೆಂದು ಬಾಯಿಬಿಟ್ಟ ದಿನ ಕ್ಯಾಮೆರಾ ಕೆಟ್ಟಿತ್ತು, ಸಿಕ್ಕಿದ್ದು ಧ್ವನಿ ಮಾತ್ರ. ಚಿತ್ರ ಮುಗಿಯುವಾಗ ನಾವು ನೋಡುವುದು ಒಂದು ಟೇಪ್ ರೆಕಾರ್ಡರನ್ನು. ಮ್ಯಾಕ್‌ನಮಾರ ಚಿತ್ರದ ಕೊನೆಯೂ ಒಂದು ಫೋನ್ ಸಂಭಾಷಣೆ. ವಿಯೆಟ್ನಾಂ ಬಗ್ಗೆ ಹೊಣೆ, ತಪ್ಪಿನ ಭಾವ ಇದೆಯೇ ಎಂದು ಕೇಳಿದಾಗ, ಮಾತಾಡಿದರೂ ಶಾಪ, ಆಡದಿದ್ದರೂ ಶಾಪ, ಆಡದೇ ಇರುತ್ತೇನೆ ಎಂಬರ್ಥದಲ್ಲಿ ಅವರು ಬಾಗಿಲು ಮುಚ್ಚುತ್ತಾರೆ. ನೇರ ನೋಟ ನಮ್ಮನ್ನು ಹತ್ತಿರ ತರುತ್ತದೆ, ಅಷ್ಟೇ. ನಿಜ ಹೊರಬಂದದ್ದು ಕಡತ, ಹೊತ್ತು ಮತ್ತು ಕೇಳಿಸಿಕೊಳ್ಳುವ ಹಟದಿಂದ.

ಕತ್ತರಿಯ ಕಸುಬು

ಇಪ್ಪತ್ತು ಗಂಟೆಯ ಮಾತನ್ನು ಬರಹಕ್ಕಿಳಿಸಿದರೆ ಒಂದೂವರೆ ಲಕ್ಷ ಪದಗಳಿಗೂ ಹೆಚ್ಚಾಗುತ್ತದೆ. ಪ್ರತಿ ಸಾಲಿನ ಪಕ್ಕದಲ್ಲೂ ಟೈಮ್‌ಕೋಡ್, ಅಂದರೆ ಆ ಮಾತು ಚಿತ್ರೀಕರಣದ ಯಾವ ಕ್ಷಣದ್ದೆಂಬ ಗುರುತು, ಇರುತ್ತದೆ. ಸಂಕಲನಕಾರರು ಮೊದಲು ಕಾಗದದ ಮೇಲೆ ಗುರುತು ಹಾಕಿ, ಆಮೇಲೆ ದೃಶ್ಯ ಜೋಡಿಸುತ್ತಾರೆ. ರಮ್ಸ್‌ಫೆಲ್ಡ್ ಅವರ 33 ಗಂಟೆಯಿಂದ ಎರಡು ಗಂಟೆಗೂ ಚಿಕ್ಕದಾದ ಚಿತ್ರ ಬಂತು, ಅದರಲ್ಲೂ ಹಳೆಯ ದೃಶ್ಯಗಳದೇ ದೊಡ್ಡ ಪಾಲು. ಅಂದರೆ ನೂರರಲ್ಲಿ 90 ಪಾಲಿಗೂ ಹೆಚ್ಚು ಮಾತು ನಮಗೆ ಕೇಳಿಸಿಯೇ ಇಲ್ಲ. ಇದು ಮೋಸವಲ್ಲ, ಸಾಕ್ಷ್ಯಚಿತ್ರ ಹುಟ್ಟುವುದೇ ಹೀಗೆ. ಮೋಸ ಶುರುವಾಗುವುದು ಕತ್ತರಿಸಿದ ಗುರುತನ್ನು ಅಳಿಸಿದಾಗ.

ಒಂದೇ ಕೋನದ ಚಿತ್ರದಲ್ಲಿ ನಡುವಿನ ಹತ್ತು ಸೆಕೆಂಡ್ ತೆಗೆದರೆ ತಲೆ ಥಟ್ಟನೆ ಜಿಗಿಯುತ್ತದೆ. ಇದಕ್ಕೆ ಜಂಪ್ ಕಟ್ ಎನ್ನುತ್ತಾರೆ. ಮ್ಯಾಕ್‌ನಮಾರ ಚಿತ್ರದಲ್ಲಿ ಮಾರಿಸ್ ಇಂಥ ಜಿಗಿತಗಳನ್ನು ವಾಕ್ಯದ ನಡುವೆಯೇ ಹಾಗೇ ಬಿಟ್ಟಿದ್ದಾರೆ. ಆಗ ಅದನ್ನು ಶೈಲಿಯೆಂದು ಹೊಗಳಿದವರೂ ಇದ್ದರು, ಕಿರಿಕಿರಿಯೆಂದವರೂ ಇದ್ದರು. ಇಂದು ಅದನ್ನು ಹೊಲಿಗೆ ಕಾಣುವಂತೆ ಹೊಲಿದ ಪ್ರಾಮಾಣಿಕತೆ ಎಂದೇ ಓದಬೇಕಾಗಿದೆ. ಯಾಕೆಂದರೆ ಜಿಗಿತ ಮುಚ್ಚುವ ದಾರಿಗಳು ಈಗ ಬಹಳ. ಹಳೆಯದು, ಮಾತು ಓಡುತ್ತಿರುವಾಗಲೇ ಕೈಯನ್ನೋ ಹಳೆಯ ಫೋಟೊವನ್ನೋ ತೋರಿಸುವುದು. ಇನ್ನೊಂದು, 4ಕೆಯಲ್ಲಿ ಚಿತ್ರಿಸಿ, ಅದೇ ಚಿತ್ರವನ್ನು ಹಿಗ್ಗಿಸಿ ಎರಡನೆಯ ಕ್ಯಾಮೆರಾ ಇದ್ದಂತೆ ನಂಬಿಸುವುದು. ಎಚ್‌ಡಿಯಲ್ಲಿ ಬಿಡುಗಡೆಯಾಗುವುದಾದರೆ ಎರಡು ಪಟ್ಟು ಹಿಗ್ಗಿಸಿದರೂ ಚಿತ್ರ ಕೆಡುವುದಿಲ್ಲ. 2015ರಿಂದ ಅಡೋಬಿ ಪ್ರೀಮಿಯರ್ ಎಂಬ ಸಂಕಲನದ ಸಾಫ್ಟ್‌ವೇರ್‌ನಲ್ಲಿ ಮಾರ್ಫ್ ಕಟ್ ಎಂಬ ಸೌಲಭ್ಯವಿದೆ. ಕತ್ತರಿಸಿದ ಎರಡು ತುದಿಗಳ ನಡುವೆ ಇಲ್ಲದ ಮುಖಭಾವವನ್ನು ಅದೇ ನೇಯ್ದು ಜೋಡಿಸುತ್ತದೆ. ಕೂತವರು ಅಲುಗಾಡದೆ ಇದ್ದು ಹಿನ್ನೆಲೆ ನಿಶ್ಚಲವಾಗಿದ್ದರೆ ಹೊಲಿಗೆ ಕಾಣುವುದೇ ಇಲ್ಲ, ಕೈ ಮುಖದ ಮುಂದೆ ಹಾದಿದ್ದರೆ ಬೆರಳು ಕರಗಿದಂತಾಗಿ ಸಿಕ್ಕಿಬೀಳುತ್ತದೆ.

ಬೇರೆ ಬೇರೆ ವಾಕ್ಯಗಳಿಂದ ಪದ ಕಿತ್ತು ಹೊಸ ವಾಕ್ಯ ಕಟ್ಟುವುದಕ್ಕೆ ರಿಯಾಲಿಟಿ ಟಿವಿಯವರು ಫ್ರಾಂಕನ್‌ಬೈಟ್ ಎನ್ನುತ್ತಾರೆ. ಅದನ್ನು ಹಿಡಿಯಲು ಕಣ್ಣಿಗಿಂತ ಕಿವಿ ಮೇಲು. ವಾಕ್ಯ ಮುಗಿಯುವಾಗ ದನಿ ಇಳಿಯಬೇಕು. ನಡುವಿನಿಂದ ಕಿತ್ತ ಪದವನ್ನು ಕೊನೆಗೆ ತಂದಿಟ್ಟರೆ ದನಿ ಗಾಳಿಯಲ್ಲಿ ನೇತಾಡುತ್ತದೆ. ಉಸಿರು ಎಳೆದುಕೊಂಡದ್ದು ಕೇಳುತ್ತದೆ, ಬಿಟ್ಟದ್ದು ಕೇಳುವುದಿಲ್ಲ. ಕೋಣೆಯ ಮೌನಕ್ಕೂ ಒಂದು ಸದ್ದಿರುತ್ತದೆ. ಎಸಿ, ರಸ್ತೆ, ಗೋಡೆಯ ಗುಂಯ್ ಎಲ್ಲ ಸೇರಿದ್ದು. ಕಸುಬು ಗೊತ್ತಿರುವ ಧ್ವನಿಗ್ರಾಹಕರು ಕೊನೆಯಲ್ಲಿ ಎಲ್ಲರನ್ನೂ ಸುಮ್ಮನೆ ಕೂರಿಸಿ ಅರ್ಧ ನಿಮಿಷವೋ ಒಂದು ನಿಮಿಷವೋ ಅದನ್ನೇ ರೆಕಾರ್ಡ್ ಮಾಡಿಕೊಳ್ಳುತ್ತಾರೆ. ಆ ತುಂಡು ಕತ್ತರಿಯ ಸಂದಿಗಳನ್ನು ತುಂಬುತ್ತದೆ. ಒಳ್ಳೆಯ ಕೆಲಸಕ್ಕೂ ಅದೇ ಬೇಕು, ಕೆಟ್ಟ ಕೆಲಸಕ್ಕೂ ಅದೇ.

ಇದಕ್ಕಿಂತ ಮುಂದಿನ ಹೆಜ್ಜೆ ಆಡದ ಮಾತನ್ನೇ ಆಡಿಸುವುದು. ಅಡುಗೆ ಲೋಕದ ಆಂಟನಿ ಬೋರ್ಡೆನ್ ಕುರಿತ 2021ರ ಸಾಕ್ಷ್ಯಚಿತ್ರದಲ್ಲಿ ಅವರು ಬರೆದಿದ್ದ ಕೆಲವು ಸಾಲುಗಳನ್ನು, ತೀರಿಕೊಂಡ ಅವರದೇ ದನಿಯಲ್ಲಿ, ಎಐ ಮೂಲಕ ಓದಿಸಲಾಗಿತ್ತು. ಚಿತ್ರದಲ್ಲಿ ಅದನ್ನು ತಿಳಿಸಿರಲಿಲ್ಲ, ನಿರ್ದೇಶಕರು ಸಂದರ್ಶನವೊಂದರಲ್ಲಿ ಹೇಳಿದ ಮೇಲೆ ರಾದ್ಧಾಂತವಾಯಿತು. 2024ರ ಸೆಪ್ಟೆಂಬರಿನಲ್ಲಿ ಅಮೆರಿಕದ ಆರ್ಕೈವಲ್ ಪ್ರೊಡ್ಯೂಸರ್ಸ್ ಅಲಯನ್ಸ್ ಸಾಕ್ಷ್ಯಚಿತ್ರಗಳಲ್ಲಿ ಎಐ ಬಳಕೆಗೆ ಮಾರ್ಗಸೂಚಿ ಪ್ರಕಟಿಸಿತು. ಒಳ್ಳೆಯ ಪಟ್ಟಿ ಅದು, ಆದರೆ ಪಾಲಿಸಲೇಬೇಕೆಂಬ ಕಡ್ಡಾಯವಿಲ್ಲ.

ಚೆಕ್ಕಿನಿಂದ ಕ್ರೆಡಿಟ್ಟಿಗೆ

1977ರಲ್ಲಿ ಡೇವಿಡ್ ಫ್ರಾಸ್ಟ್, ಪದತ್ಯಾಗ ಮಾಡಿದ್ದ ರಿಚರ್ಡ್ ನಿಕ್ಸನ್ ಅವರನ್ನು ಸಂದರ್ಶಿಸಲು 6 ಲಕ್ಷ ಡಾಲರ್ ಜತೆಗೆ ಲಾಭದ ಪಾಲನ್ನೂ ಕೊಟ್ಟರು. ದೊಡ್ಡ ವಾಹಿನಿಗಳು ದುಡ್ಡು ಕೊಟ್ಟು ಮಾತು ಕೊಳ್ಳುವ ಪತ್ರಿಕೋದ್ಯಮವೆಂದು ಮೂಗು ಮುರಿದವು, ಫ್ರಾಸ್ಟ್ ತಾವೇ ಹಣ ಹೊಂದಿಸಿ ಬೇರೆ ಬೇರೆ ಕೇಂದ್ರಗಳಿಗೆ ಮಾರಿದರು. ಆದರೆ ಪ್ರಶ್ನೆಗಳೂ ಸಂಕಲನವೂ ಫ್ರಾಸ್ಟ್ ಕೈಯಲ್ಲೇ ಉಳಿದಿದ್ದವು. ಸುಮಾರು 29 ಗಂಟೆ ಚಿತ್ರೀಕರಿಸಿದರು. ಅವರ ಸಂಶೋಧಕ ಜೇಮ್ಸ್ ರೆಸ್ಟನ್ ಜೂನಿಯರ್ ಕೋರ್ಟಿನ ಕಡತಗಳಿಂದ ಹೊರತೆಗೆದಿದ್ದ, ನಿಕ್ಸನ್ ತಮ್ಮ ಆಪ್ತ ಕೋಲ್ಸನ್ ಜತೆ ಆಡಿದ ಮಾತಿನ ದಾಖಲೆ ವಾಟರ್‌ಗೇಟ್ ಹಗರಣದ ಕಂತಿನಲ್ಲಿ ಬುಡ ಅಲುಗಾಡಿಸಿತು. ದುಡ್ಡು ನಿಕ್ಸನ್‌ಗೆ ಹೋಯಿತು, ಕತ್ತರಿ ಹೋಗಲಿಲ್ಲ.

ಇಂದು ಬಹುಪಾಲು ಇದರ ತಿರುವುಮುರುವು. ಚೆಕ್ಕಿನ ಬದಲು ಕ್ರೆಡಿಟ್, ಅಂದರೆ ನಿರ್ಮಾಪಕರ ಪಟ್ಟಿಯಲ್ಲಿ ಹೆಸರು, ಕೊಡಲಾಗುತ್ತದೆ. ಮೈಕೆಲ್ ಜೋರ್ಡನ್ ಕುರಿತ 2020ರ ಹತ್ತು ಕಂತುಗಳ ಸರಣಿಯಲ್ಲಿ ಅವರ ವ್ಯವಹಾರ ನೋಡಿಕೊಳ್ಳುವವರೇ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್‌ಗಳು. ಅದಕ್ಕೆ ಕಾರಣವೂ ಸ್ಪಷ್ಟ: 1997-98ರ ಋತುವಿನಲ್ಲಿ ತೆಗೆದ ಒಳಗಿನ ದೃಶ್ಯಗಳನ್ನು ಜೋರ್ಡನ್ ಒಪ್ಪಿಗೆಯಿಲ್ಲದೆ ಬಳಸುವಂತಿಲ್ಲವೆಂಬ ಒಪ್ಪಂದ ಮೊದಲೇ ಆಗಿತ್ತು. ಕೆನ್ ಬರ್ನ್ಸ್‌ನಂಥ ಹಿರಿಯ ಸಾಕ್ಷ್ಯಚಿತ್ರಕಾರರು ಇದು ಒಳ್ಳೆಯ ಪತ್ರಿಕೋದ್ಯಮವಲ್ಲವೆಂದು ಬಹಿರಂಗವಾಗಿ ಹೇಳಿದರು. 2022ರ ಹ್ಯಾರಿ ಮತ್ತು ಮೇಗನ್ ಸರಣಿಯಲ್ಲಿ ದಂಪತಿಯ ಕಂಪನಿ ಆರ್ಚ್‌ವೆಲ್, 2023ರ ಫುಟ್‌ಬಾಲಿಗ ಬೆಕಮ್ ಸರಣಿಯಲ್ಲಿ ಅವರೇ ಹುಟ್ಟುಹಾಕಿದ ಸ್ಟುಡಿಯೊ 99 ಪಾಲುದಾರರು. 2025ರ ಜನವರಿಯಲ್ಲಿ ಅಮೆಜಾನ್ ಪ್ರಕಟಿಸಿದ ಮೆಲಾನಿಯಾ ಟ್ರಂಪ್ ಚಿತ್ರದಲ್ಲಿ ಅವರೇ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್. ಹಕ್ಕಿಗೆ ಅಮೆಜಾನ್ ತೆತ್ತದ್ದು 4 ಕೋಟಿ ಡಾಲರ್ ಎಂದು ವರದಿಯಾಯಿತು.

ಮಾರಿಸ್ ಕೂಡ ಈ ಲೆಕ್ಕದಿಂದ ಪೂರ್ತಿ ಹೊರಗಿಲ್ಲ. ಇರಾಕಿನ ಅಬು ಘ್ರೈಬ್ ಸೆರೆಮನೆ ಕುರಿತ 2008ರ ಚಿತ್ರಕ್ಕೆ ಕೆಲವರಿಗೆ ಹಣ ಕೊಟ್ಟಿದ್ದನ್ನು ಒಪ್ಪಿಕೊಂಡು ಟೀಕೆಗೆ ಗುರಿಯಾದರು. ಗೂಢಚಾರ ಕಾದಂಬರಿಗಳ ಜಾನ್ ಲ ಕಾರೆ ಬಗ್ಗೆ 2023ರಲ್ಲಿ ಬಂದ ಅವರ ಚಿತ್ರದ ನಿರ್ಮಾಣದಲ್ಲಿ ಲೇಖಕರ ಮಕ್ಕಳ ಕಂಪನಿಯೂ ಇತ್ತು. ಆ ಚಿತ್ರ ಮೆದುವಾಗಿದ್ದರೆ ಆಶ್ಚರ್ಯವೇನಿಲ್ಲ.

ಹಿಡಿತ ಎಲ್ಲಿಂದ ಬರುತ್ತದೆ ಎಂಬುದು ಒಪ್ಪಂದದ ಪದಗಳಲ್ಲಿದೆ. ಚಿತ್ರದ ಅಂತಿಮ ರೂಪ ನಿರ್ಧರಿಸುವ ಹಕ್ಕಿಗೆ ಫೈನಲ್ ಕಟ್ ಎಂದು ಹೆಸರು. ಅದು ನಿರ್ದೇಶಕರಿಗಿದೆಯೋ ವೇದಿಕೆಗಿದೆಯೋ ಎಂಬುದು ಮೊದಲ ಪ್ರಶ್ನೆ. ಚಿತ್ರದ ವ್ಯಕ್ತಿಗೆ ಒಪ್ಪಿಗೆಯ ಹಕ್ಕಿದ್ದರೆ ‘ಬೇಡ’ ಎಂದು ತಡೆಯಬಹುದು, ಸಮಾಲೋಚನೆಯ ಹಕ್ಕಿದ್ದರೆ ಅಭಿಪ್ರಾಯ ಮಾತ್ರ ಹೇಳಬಹುದು. ಇವೆರಡರ ನಡುವೆ ನುಸುಳುವುದು ವಾಸ್ತವಾಂಶ ಪರಿಶೀಲನೆಯ ಹಕ್ಕು. ಇಸವಿ, ಹೆಸರು, ಊರು ತಿದ್ದಲೆಂದು ಕೊಟ್ಟ ಈ ಬಾಗಿಲಿನಿಂದ ಅಭಿಪ್ರಾಯಗಳೂ ಹೊರಗೆ ಹೋಗುತ್ತವೆ.

ಇದರ ಜತೆ ಹಳೆಯ ದೃಶ್ಯ, ಹಾಡುಗಳ ಹಕ್ಕೂ ಸೇರಿದರೆ ಏನಾಗುತ್ತದೆ ಎಂಬುದಕ್ಕೆ ಗಾಯಕ ಪ್ರಿನ್ಸ್ ಚಿತ್ರಕ್ಕಿಂತ ಬೇರೆ ಉದಾಹರಣೆ ಬೇಡ. ಆಸ್ಕರ್ ಗೆದ್ದ ನಿರ್ದೇಶಕ ಎಜ್ರಾ ಎಡಲ್‌ಮನ್ ನೆಟ್‌ಫ್ಲಿಕ್ಸ್‌ಗಾಗಿ ವರ್ಷಗಟ್ಟಲೆ ದುಡಿದು ಒಂಬತ್ತು ಗಂಟೆಯ ಚಿತ್ರ ಮಾಡಿದರು. 2016ರಲ್ಲಿ ತೀರಿಕೊಂಡ ಪ್ರಿನ್ಸ್ ಅವರ ಆಸ್ತಿ ನೋಡಿಕೊಳ್ಳುವವರು ಚಿತ್ರದಲ್ಲಿ ತಪ್ಪುಗಳಿವೆಯೆಂದು ಅಡ್ಡಬಂದರು. 2025ರ ಫೆಬ್ರುವರಿಯಲ್ಲಿ ನೆಟ್‌ಫ್ಲಿಕ್ಸ್ ಆ ಚಿತ್ರ ಬಿಡುಗಡೆಯಾಗುವುದಿಲ್ಲವೆಂದು ಪ್ರಕಟಿಸಿತು. ಆಸ್ತಿ ನೋಡಿಕೊಳ್ಳುವವರು ತಮ್ಮದೇ ಬೇರೆ ಚಿತ್ರ ಮಾಡಿಸುವರೆಂದೂ ಆಗ ತಿಳಿಸಲಾಯಿತು. ಸಂಗೀತಗಾರನ ಚಿತ್ರದಿಂದ ಅವನ ಹಾಡು ತೆಗೆದರೆ ಉಳಿಯುವುದೇನು? ರಾಜಕಾರಣಿಗಳ ಚಿತ್ರಗಳಿಗೆ ಈ ಕುತ್ತು ಕಡಿಮೆ, ಅವರ ಭಾಷಣ, ಪತ್ರಿಕಾಗೋಷ್ಠಿಗಳ ದೃಶ್ಯ ಎಷ್ಟೋ ಕಡೆ ಸಿಗುತ್ತದೆ. ರಮ್ಸ್‌ಫೆಲ್ಡ್ ಮಾತಿಗೆ ರಮ್ಸ್‌ಫೆಲ್ಡ್ ಅವರದೇ ಹಳೆಯ ಪತ್ರಿಕಾಗೋಷ್ಠಿಯನ್ನು ಎದುರಿಡಲು ಮಾರಿಸ್‌ಗೆ ಸಾಧ್ಯವಾದದ್ದು ಹಾಗೆ.

ಹಾಗಾದರೆ ಕತ್ತರಿಯೇ ಬೇಡವೇ?

2025ರ ಗಲಾಟೆಗಳ ನಂತರ ಸುಲಭದ ಉತ್ತರವೊಂದು ಮುಂದೆ ಬಂದಿದೆ: ಸಂಕಲನವನ್ನೇ ಬಿಡಿ. ಆಗಿನ ಆಂತರಿಕ ಭದ್ರತಾ ಕಾರ್ಯದರ್ಶಿ ಕ್ರಿಸ್ಟಿ ನೋಮ್ ತಮ್ಮ ಸಂದರ್ಶನ ಕತ್ತರಿಸಿದ್ದಕ್ಕೆ ಆಕ್ಷೇಪಿಸಿದ ಮೇಲೆ, ಸಿಬಿಎಸ್ ತನ್ನ ಭಾನುವಾರದ ‘ಫೇಸ್ ದ ನೇಷನ್’ ಕಾರ್ಯಕ್ರಮದಲ್ಲಿ ಇನ್ನು ನೇರಪ್ರಸಾರ ಅಥವಾ ಕತ್ತರಿಸದ ಸಂದರ್ಶನ ಮಾತ್ರ ಎಂದು ಸೆಪ್ಟೆಂಬರಿನಲ್ಲಿ ಘೋಷಿಸಿತು. ಇದರಿಂದ ಲಾಭ ಯಾರಿಗೆಂದು ಲೆಕ್ಕ ಹಾಕಿ ನೋಡಿ. ಹತ್ತು ನಿಮಿಷದ ಸಂದರ್ಶನ. ಒಂದು ಉತ್ತರ ಎರಡು ನಿಮಿಷ ಎಳೆದರೆ ಐದು ಪ್ರಶ್ನೆಗೆ ಮುಗಿಯಿತು. ಮ್ಯಾಕ್‌ನಮಾರ ಸೂತ್ರ ಕಲಿತವರು ಐದಕ್ಕೂ ತಮಗೆ ಬೇಕಾದ್ದನ್ನೇ ಹೇಳಿ ಎದ್ದುಹೋಗಬಹುದು. ಸುಳ್ಳು ಹೇಳಿದರೆ ಅಲ್ಲೇ ಹಿಡಿಯಲು ಕಡತ ಕೈಯಲ್ಲಿರಬೇಕು, ಹಿಡಿದರೂ ಮುಂದಿನ ಪ್ರಶ್ನೆಗೆ ಹೊತ್ತಿರುವುದಿಲ್ಲ. ಕತ್ತರಿಸದ ಸಂದರ್ಶನದಲ್ಲಿ ಕತ್ತರಿ ಮಾತಾಡುವವರ ಬಾಯಲ್ಲಿರುತ್ತದೆ.

ಇದಕ್ಕಿಂತ ಗಟ್ಟಿಯಾದದ್ದು ಪ್ಯಾರಮೌಂಟ್ ರಾಜಿಯಲ್ಲೇ ಇದೆ, ಬಂದ ದಾರಿ ಎಷ್ಟೇ ಕೆಟ್ಟದ್ದಿರಲಿ. ಹ್ಯಾರಿಸ್ ಸಂದರ್ಶನ ನಡೆಸಿದ್ದ ಸಿಬಿಎಸ್‌ನ ‘60 ಮಿನಿಟ್ಸ್’ ಕಾರ್ಯಕ್ರಮ ಇನ್ನು ಮುಂದೆ ಅಧ್ಯಕ್ಷೀಯ ಅಭ್ಯರ್ಥಿಗಳ ಸಂದರ್ಶನ ಪ್ರಸಾರವಾದ ಮೇಲೆ ಅದರ ಪೂರ್ಣ ಪಠ್ಯ ಪ್ರಕಟಿಸಬೇಕು, ಕಾನೂನು ಮತ್ತು ದೇಶದ ಭದ್ರತೆಯ ಕಾರಣಕ್ಕೆ ಅಳಿಸಬೇಕಾದ್ದನ್ನು ಬಿಟ್ಟು. ಸಾಕ್ಷ್ಯಚಿತ್ರಗಳಿಗೂ ಇದು ಅಸಾಧ್ಯವೇನಲ್ಲ. ಟೈಮ್‌ಕೋಡ್ ಸಮೇತ ಬರಹ ಸಂಕಲನಕ್ಕಾಗಿ ಹೇಗೂ ತಯಾರಾಗಿರುತ್ತದೆ. ಅಡ್ಡಿ ಬರುವುದು ಬೇರೆ ಕಡೆಯಿಂದ: ಚಿತ್ರದಲ್ಲಿ ಬಾರದ ಮಾತಿನಲ್ಲಿ ಮೂರನೆಯವರ ಮಾನಕ್ಕೆ ಧಕ್ಕೆ ತರುವಂಥದ್ದು ಇದ್ದೇ ಇರುತ್ತದೆ, ವಿತರಕರು ಕೇಳುವ ವಿಮೆ ಚಿತ್ರಕ್ಕೆ ಮಾತ್ರ ಅನ್ವಯಿಸುತ್ತದೆ, ವಕೀಲರು ಮತ್ತೊಮ್ಮೆ ಸಾಲು ಸಾಲಾಗಿ ಓದಬೇಕಾಗುತ್ತದೆ. ಕನಿಷ್ಠ, ಚಿತ್ರದಲ್ಲಿ ಬಳಸಿದ ಪ್ರತಿ ಉತ್ತರದ ಮುಂಚಿನ ಪ್ರಶ್ನೆ ಮತ್ತು ಆ ಉತ್ತರದ ಪೂರ್ತಿ ಪಠ್ಯವನ್ನಾದರೂ ಕೊಡಬಹುದು. ಒಂದು ಚಿತ್ರಕ್ಕೆ ನೂರಿನ್ನೂರು ಪುಟದೊಳಗೆ ಮುಗಿಯುವ ಕೆಲಸ.

ಅಲ್ಲಿಯವರೆಗೆ ನೋಡುಗರ ಕೈಯಲ್ಲಿರುವುದು ಶೀರ್ಷಿಕೆ ಪಟ್ಟಿ. ‘ಮುಂದಿನ ಕಂತು’ ಎಂಬ ಗುಂಡಿ ಬರುವ ಮೊದಲು ಅದನ್ನು ನಿಲ್ಲಿಸಿ ಓದಿದರೆ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್‌ಗಳಲ್ಲಿ ಚಿತ್ರದ ವ್ಯಕ್ತಿಯ ಮ್ಯಾನೇಜರೋ ಗಂಡನೋ ಮಗಳೋ ಇದ್ದಾರೆಯೇ, ‘ಸಹಯೋಗದಲ್ಲಿ’ ಎಂದು ಬರೆದ ಕಂಪನಿ ಯಾರದು ಎಂಬುದು ಎರಡು ನಿಮಿಷದಲ್ಲಿ ಗೊತ್ತಾಗುತ್ತದೆ. ಪ್ರಶ್ನೆ ಕೇಳುವವರ ದನಿ ಒಮ್ಮೆಯಾದರೂ ಕೇಳಿಸಿತೇ ಎಂಬುದನ್ನೂ ಗಮನಿಸಬೇಕು. ಮಾರಿಸ್ ಚಿತ್ರಗಳಲ್ಲಿ ಆ ದನಿ ಆಗಾಗ, ಕೆಲವೊಮ್ಮೆ ಕೂಗಿದಂತೆ, ಹೊರಗಿನಿಂದ ಬಂದು ಅಪ್ಪಳಿಸುತ್ತದೆ. ತಾರೆಗಳ ಸರಣಿಗಳಲ್ಲಿ ಅದನ್ನು ನಯವಾಗಿ ಒರೆಸಿರುತ್ತಾರೆ, ಎಲ್ಲ ಮಾತೂ ತಾನಾಗಿ ಉಕ್ಕಿ ಬಂದಂತಿರುತ್ತದೆ. ಪೂರ್ಣ ಪಠ್ಯದ ಷರತ್ತು ಸದ್ಯ ಒಂದು ವಾಹಿನಿಯ ಒಂದು ಕಾರ್ಯಕ್ರಮಕ್ಕೆ, ಅದರಲ್ಲೂ ಅಧ್ಯಕ್ಷೀಯ ಅಭ್ಯರ್ಥಿಗಳಿಗೆ ಸೀಮಿತ. ತಮ್ಮ ಸರಣಿಯನ್ನು ತಾವೇ ನಿರ್ಮಿಸುವವರಿಗೆ ಅಂಥ ಷರತ್ತು ಯಾವುದೂ ಇಲ್ಲ, ಬಳಸದೆ ಉಳಿದ ಗಂಟೆಗಟ್ಟಲೆ ಮಾತಿನ ಮೇಲೂ ಹಿಡಿತ ಅವರದೇ.